ಪಕ್ಕದ ಸೀಟಿನ ಬ್ರೇಕು

ಕೆಲವು ದೊಡ್ಡ ಘಟನೆಗಳು ನಡೆಯುವಾಗ ಸದ್ದೇ ಮಾಡುವುದಿಲ್ಲ. ಆಮೇಲೆ ಚರಿತ್ರೆ ಬರೆಯುವವರು ತಾರೀಕು ಸಿಗದೆ ತಲೆ ಚಚ್ಚಿಕೊಳ್ಳುತ್ತಾರೆ. ಇಲ್ಲಿ ಅಂಥ ಫಜೀತಿ ಆಗಬಾರದು. ಆದ್ದರಿಂದ ಮೊದಲೇ ದಾಖಲಾಗಿರಲಿ: ಒಂದು ಭಾನುವಾರ ಬೆಳಿಗ್ಗೆ ಹನ್ನೊಂದು ಗಂಟೆ ಹತ್ತು ನಿಮಿಷಕ್ಕೆ ಬ್ರೇಕ್ ಮೇಷ್ಟ್ರ ಮನೆಯ ಬೆಕ್ಕು, ಅವರ ಮಗಳ ಜೊತೆ ಓದುವ ಹುಡುಗನೊಬ್ಬನ ತೊಡೆ ಹತ್ತಿ ಮಲಗಿತು. ಹದಿನೈದು ನಿಮಿಷ ಮಲಗಿತು. ಗುರುಗುರು ಎಂದು ಸುಖಪಟ್ಟಿತು.

ಬೆಕ್ಕು ಮಲಗಿದ್ದರಲ್ಲಿ ಏನು ಮಹಾ ಎನ್ನುವವರು ಆ ಬೆಕ್ಕನ್ನು ಕಂಡವರಲ್ಲ. ಒಂಬತ್ತು ವರ್ಷದ ಬಾಳಿನಲ್ಲಿ ಅದು ಮೇಷ್ಟ್ರನ್ನು ಏಳು ಸಲ ಪರಚಿತ್ತು. ಅವರ ಹೆಂಡತಿಯ ತಮ್ಮನನ್ನು ಕಂಡಾಗಲೆಲ್ಲ ಪರಚಿತ್ತು. ಮೇಷ್ಟ್ರ ತೊಡೆಯನ್ನು ಅದು ಹತ್ತಿದ್ದು ಒಂದೇ ಒಂದು ಸಲ, ಅದೂ ಅಲ್ಲಿಂದ ಕಪಾಟಿನ ಮೇಲಕ್ಕೆ ಹಾರಲು ಅನುಕೂಲವಾಗುತ್ತದೆಂದು.

"ನಿಮ್ಮ ಬೆಕ್ಕು ತುಂಬ ಸಾಧು ಅಂಕಲ್," ಎಂದ ಹುಡುಗ.

ಮೇಷ್ಟ್ರ ಬಲಗಾಲು ನೆಲವನ್ನು ಬಲವಾಗಿ ಒತ್ತಿತು.

ಆ ಕಾಲಿನ ವಿಷಯ ಹೇಳದೆ ಮುಂದೆ ಹೋಗುವಂತಿಲ್ಲ. ಮೇಷ್ಟ್ರದು ಡ್ರೈವಿಂಗ್ ಸ್ಕೂಲು. ಒಂದೇ ಕಾರು, ಒಬ್ಬರೇ ಮೇಷ್ಟ್ರು. ಕಲಿಸುವ ಕಾರುಗಳಲ್ಲಿ ಪಕ್ಕದ ಸೀಟಿಗೂ ಒಂದು ಬ್ರೇಕು ಇರುತ್ತದೆ; ಕಲಿಯುವವನು ಮೈಮರೆತಾಗ ಕಲಿಸುವವನು ಒತ್ತಲಿ ಎಂದು. ಇಪ್ಪತ್ತಾರು ವರ್ಷ ಆ ಬ್ರೇಕನ್ನು ಒತ್ತಿ ಒತ್ತಿ ಮೇಷ್ಟ್ರ ಬಲಗಾಲಿಗೆ ಸ್ವಂತ ಬುದ್ಧಿ ಬಂದುಬಿಟ್ಟಿತ್ತು. ಎದುರಿಗೆ ಎಮ್ಮೆ ಬರಲಿ, ಮದುವೆಯ ಮಾತು ಬರಲಿ, ಹೆಂಡತಿಗೆ ಸಿಟ್ಟು ಬರಲಿ, ಆ ಕಾಲು ತಾನಾಗಿ ನೆಲ ಒತ್ತುತ್ತಿತ್ತು. ಅವರು ಕೂರುವ ಸೋಫಾದ ಮುಂದಿನ ಚಾಪೆ ಒಂದೇ ಜಾಗದಲ್ಲಿ ತೂತುಬಿದ್ದಿತ್ತು.

ಮೇಷ್ಟ್ರ ಕೈಕೆಳಗೆ ಈವರೆಗೆ ಎರಡು ಸಾವಿರದ ಒಂಬೈನೂರ ತೊಂಬತ್ತೊಂಬತ್ತು ಜನ ಕಲಿತಿದ್ದರು. ಮುಂದಿನ ನಂಬರನ್ನು ಅವರು ರಿಜಿಸ್ಟರಿನಲ್ಲಿ ಖಾಲಿ ಬಿಟ್ಟಿದ್ದರು. ಮಗಳಿಗೆ ಹೋದ ತಿಂಗಳು ಹದಿನೆಂಟು ತುಂಬಿತ್ತು. ಮೂರು ಸಾವಿರನೆಯ ಹೆಸರು ಅವಳದೇ ಆಗಬೇಕು, ಸ್ಟಿಯರಿಂಗಿನ ಮೇಲೆ ಅವಳ ಕೈಯನ್ನು ತಾವೇ ಇಡಿಸಬೇಕು ಎಂಬುದು ಅವರು ಹೆರಿಗೆ ಆಸ್ಪತ್ರೆಯ ಕಾರಿಡಾರಿನಲ್ಲೇ ಕಂಡ ಕನಸು. ಅದಕ್ಕಾಗಿ ಹೊಸಬರನ್ನು ಸೇರಿಸಿಕೊಳ್ಳುವುದನ್ನೇ ನಿಲ್ಲಿಸಿದ್ದರು. ಮಗಳು ಮಾತ್ರ "ಮುಂದಿನ ವಾರ ಅಪ್ಪ" ಎನ್ನುತ್ತ ನಾಲ್ಕು ವಾರ ತಳ್ಳಿದ್ದಳು.

ಈ ನಾಲ್ಕು ವಾರದಲ್ಲಿ ಮೇಷ್ಟ್ರಿಗೆ ಬಿಡುವು ಹೆಚ್ಚಾಯಿತು. ಬಿಡುವಿದ್ದವನಿಗೆ ಭಾವಮೈದ ಬೇರೆ ಇದ್ದರೆ ಕೇಳಬೇಕೆ? ಹೆಂಡತಿಯ ತಮ್ಮನದು ಜೆರಾಕ್ಸ್ ಅಂಗಡಿ. ದಿನವಿಡೀ ಯಂತ್ರ ಕಾಗದ ನುಂಗಿ ಕಕ್ಕುತ್ತಿದ್ದರೆ ಇವನು ಪಕ್ಕದಲ್ಲಿ ಮೊಬೈಲಿನಲ್ಲಿ ಸಿನಿಮಾ ನೋಡುವ ಆಸಾಮಿ. ಭಾವನಿಗೆ ಹೊತ್ತು ಹೋಗಲಿ ಎಂದು ಅವನೇ ಟೀವಿಗೆ ಸಿನಿಮಾಗಳನ್ನು ಜೋಡಿಸಿಕೊಟ್ಟ. ಎಲ್ಲ ಒಂದೇ ಜಾತಿಯವು. ಒಬ್ಬ ಹುಡುಗಿ, ಅವಳ ಮೇಲೆ ಪ್ರೀತಿಯ ಹುಚ್ಚು ಹಿಡಿದ ಒಬ್ಬ ಹುಡುಗ. ಹುಡುಗ ನೋಡಲು ಗೋವು. ಅಪ್ಪ ಅಮ್ಮನಿಗೆ ಬಹಳ ಮರ್ಯಾದೆ ಕೊಡುತ್ತಾನೆ. ಮನೆಯ ನಾಯಿಯನ್ನೋ ಬೆಕ್ಕನ್ನೋ ಮುದ್ದು ಮಾಡುತ್ತಾನೆ. ಆಮೇಲೆ ಮರದ ಕೆಳಗೆ ನಿಲ್ಲುತ್ತಾನೆ, ಕೋಣೆಯ ಗೋಡೆ ತುಂಬ ಅವಳ ಫೋಟೋ ಅಂಟಿಸುತ್ತಾನೆ, ಸಾಕುಪ್ರಾಣಿ ಕಾಣೆಯಾಗುತ್ತದೆ. ಅಪಾಯ ಅಪ್ಪನೊಬ್ಬನಿಗೇ ಗೊತ್ತಾಗುತ್ತದೆ, ಯಾರೂ ನಂಬುವುದಿಲ್ಲ. ಕಡೆಗೆ ಅಪ್ಪ ಕಾರಿನಲ್ಲಿ ಶರವೇಗದಲ್ಲಿ ಬಂದು ಮಗಳನ್ನು ಕಾಪಾಡುತ್ತಾನೆ. ಈ ಕಡೆಯ ದೃಶ್ಯ ಮೇಷ್ಟ್ರಿಗೆ ಬಹಳ ಹಿಡಿಸಿತ್ತು. ಯಾವ ಅಪ್ಪನೂ ಸೀಟ್ ಬೆಲ್ಟ್ ಹಾಕುವುದಿಲ್ಲ ಎಂಬುದೊಂದೇ ಕೊರಗು.

ಇಂಥ ಹನ್ನೊಂದು ಸಿನಿಮಾ ನೋಡಿದ ಮೇಲೆ ಬಂದ ಭಾನುವಾರವೇ ಆ ಭಾನುವಾರ.

ಹುಡುಗ ಮಗಳಿಗೆ ಪುಸ್ತಕ ಕೊಡಲು ಬಂದಿದ್ದ. ಚಪ್ಪಲಿಯನ್ನು ಜೋಡಿಸಿ ಬಿಟ್ಟ. ಕೊಟ್ಟ ನೀರನ್ನು ಕುಡಿದು ಲೋಟವನ್ನು ತಾನೇ ಒಳಗಿಟ್ಟು ಬಂದ. ಎರಡು ಸಲ ಗಂಟಲು ಸರಿಮಾಡಿಕೊಂಡು, "ಅಂಕಲ್, ನಿಮ್ಮ ಹತ್ರ ಒಂದು ವಿಷಯ ಕೇಳಬೇಕಿತ್ತು..." ಎಂದ. ಮೇಷ್ಟ್ರು ಅವನನ್ನು ರಸ್ತೆಗುಂಡಿಯನ್ನು ನೋಡುವಂತೆ ನೋಡಿದರು. ಹುಡುಗನ ಮಾತು ಇಂಗಿಹೋಯಿತು. "ಏನಿಲ್ಲ ಅಂಕಲ್, ಇನ್ನೊಂದು ಸಲ ಕೇಳ್ತೀನಿ," ಎಂದು ಬೆಕ್ಕನ್ನು ಮೆಲ್ಲಗೆ ಕೆಳಗಿಳಿಸಿ ಹೊರಟ. ಬೆಕ್ಕು ಗೇಟಿನ ತನಕ ಹೋಗಿ ಕಳಿಸಿಕೊಟ್ಟು ಬಂತು.

ಮಗಳು ಸ್ನಾನಕ್ಕೆ ಹೋದದ್ದೇ ಮೇಷ್ಟ್ರು ಪುಸ್ತಕ ಒದರಿದರು. ಚೀಟಿ ಬಿತ್ತು. *ಈ ವಾರದಿಂದ ಸೋಮ, ಬುಧ, ಶುಕ್ರ ಸಂಜೆ ನಾಲ್ಕೂವರೆ. ಹಿಂದಿನ ಗೇಟು. ನಿಮ್ಮಪ್ಪನಿಗೆ ಗೊತ್ತಾಗೋದು ಬೇಡ.*

ಚೀಟಿ ಹಿಡಿದುಕೊಂಡೇ ಅಡುಗೆಮನೆಗೆ ಓಡಿದರು. ಮೇಷ್ಟ್ರ ಹೆಂಡತಿ ಔಷಧಿ ಅಂಗಡಿಯ ಕೌಂಟರಿನಲ್ಲಿ ಕೆಲಸ ಮಾಡುವವರು; ಡಾಕ್ಟರುಗಳ ಅಕ್ಷರವನ್ನೇ ಓದಿ ಅರಗಿಸಿಕೊಂಡವರಿಗೆ ಈ ಚೀಟಿ ಯಾವ ಲೆಕ್ಕ? ಒಮ್ಮೆ ನೋಡಿ ಮಡಿಸಿ ಕೊಟ್ಟರು.

"ಎಲ್ಲಿತ್ತೋ ಅಲ್ಲೇ ಇಟ್ಟುಬನ್ನಿ."

"ನಿನಗೆ ಏನೂ ಅನ್ನಿಸ್ತಿಲ್ವಾ?"

"ಅನ್ನಿಸ್ತಿದೆ. ನೀವು ಮಗಳ ಪುಸ್ತಕ ಮುಟ್ಟಬಾರದಿತ್ತು ಅನ್ನಿಸ್ತಿದೆ."

ತಾಯಿ ನಂಬುವುದಿಲ್ಲ. ಇದೂ ಸಿನಿಮಾದಲ್ಲಿ ಇದ್ದದ್ದೇ. ಮೇಷ್ಟ್ರು ಭಾವಮೈದನ ಜೆರಾಕ್ಸ್ ಅಂಗಡಿಗೆ ಹೋದರು.

"ಬೆಕ್ಕು ತೊಡೆ ಮೇಲೆ ಮಲಗ್ತಾ?" ಭಾವಮೈದ ಯಂತ್ರ ನಿಲ್ಲಿಸಿದ. "ಭಾವ, ಬೆಕ್ಕನ್ನ ಹುಷಾರಾಗಿ ನೋಡ್ಕೊಳಿ. ಮೊದಲು ಹೋಗೋದು ಅದೇ."

"ನಾನೇನು ಮಾಡ್ಲಿ ಈಗ?"

"ಹಿಂಬಾಲಿಸಿ. ಸಾಕ್ಷಿ ಬೇಕು. ಆದ್ರೆ ಒಂದು ಭಾವ, ಅವನಿಗೆ ಸುಳಿವು ಸಿಗಬಾರದು. ಗಾಳಿ ಥರ ಇರಬೇಕು ನೀವು."

ಮೇಷ್ಟ್ರು ಗಾಳಿಯಾದರು. ಗಾಳಿಯಾಗಲು ಅವರ ಬಳಿ ಇದ್ದ ವಾಹನ ಒಂದೇ: ನೆತ್ತಿಯ ಮೇಲೆ ಮೂರುಮೂಲೆಯ ಹಳದಿ ಬೋರ್ಡು, ಹಿಂದೆ ಮುಂದೆ ಅಂಗೈಯಗಲದ ಕೆಂಪು ಅಕ್ಷರ, ಎರಡೂ ಬಾಗಿಲಿಗೆ ಮಾರುದ್ದದ ಫೋನ್ ನಂಬರು, ಬಂಪರಿನ ಮೇಲೆ 'ದೂರವಿರಿ, ಕಲಿಯುತ್ತಿದ್ದಾರೆ' ಎಂಬ ಬರಹ ಇರುವ ಕಾರು. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿಯುತ್ತದೆ ಎನ್ನುತ್ತಾರೆ. ಮೇಷ್ಟ್ರು ಹೆಡ್‌ಲೈಟ್ ಹಾಕಿಕೊಂಡು ಕುಡಿಯಲು ಹೊರಟಿದ್ದರು.

ಅದರಲ್ಲೂ ಸೋಮವಾರ ಅವರು ಒಬ್ಬರೇ ಇರಲಿಲ್ಲ. ಎರಡು ಸಾವಿರದ ಒಂಬೈನೂರ ತೊಂಬತ್ತೊಂಬತ್ತನೆಯ ಶಿಷ್ಯರಾದ ದಂತವೈದ್ಯರ ಪಾಠ ಇತ್ತು. ಬೇರೆಯವರ ಬಾಯಲ್ಲಿ ಡ್ರಿಲ್ ಇಡುವಾಗ ಕೈ ನಡುಗದ ಈ ಮನುಷ್ಯ ಸ್ಟಿಯರಿಂಗ್ ಹಿಡಿದರೆ ಒದ್ದೆಕೋಳಿ. ಐದು ತಿಂಗಳಿಂದ ಕಲಿಯುತ್ತಿದ್ದರು, ಎರಡು ಸಲ ಪರೀಕ್ಷೆಯಲ್ಲಿ ಫೇಲಾಗಿದ್ದರು.

"ಇವತ್ತು ರಿವರ್ಸ್ ಹೇಳಿಕೊಡ್ತೀನಿ ಅಂದಿದ್ರಿ ಮೇಷ್ಟ್ರೇ."

"ರಿವರ್ಸ್ ಎಲ್ಲಿಗೂ ಓಡಿಹೋಗಲ್ಲ ಡಾಕ್ಟ್ರೇ. ಆ ನೀಲಿ ಸೈಕಲ್ ಕಾಣ್ತಾ ಇದೆಯಾ? ಅದರ ಹಿಂದೆ ಬಿಡಿ."

ನೀಲಿ ಸೈಕಲ್ ಕಾಲೇಜಿನಿಂದ ಹೊರಟಿತು. ಹಿಂದೆ ಹತ್ತು ಅಡಿ ಬಿಟ್ಟು ಕಾರು. ಕಾರಿನ ಹಿಂದೆ ಹಾರ್ನ್ ಹೊಡೆಯುತ್ತ ಎರಡು ಬಸ್ಸು, ಒಂದು ನೀರಿನ ಟ್ಯಾಂಕರು, ಬಾಯಿಗೆ ಬಂದದ್ದು ಅನ್ನುತ್ತ ಹದಿನೇಳು ಸ್ಕೂಟರು. ಸೈಕಲ್ ನಿಂತರೆ ಕಾರು ನಿಂತಿತು. ಹುಡುಗ ಇಳಿದು ಚೈನ್ ಸರಿಮಾಡಿಕೊಂಡರೆ ಕಾರು ತಾಳ್ಮೆಯಿಂದ ಕಾದು ನಿಂತಿತು. ತಿರುವಿನಲ್ಲಿ ಅವನು ಕೈ ಚಾಚಿ ಸಂಜ್ಞೆ ಕೊಟ್ಟ, ಎರಡೂ ಕಡೆ ನೋಡಿದ, ಹಿಂದಕ್ಕೆ ತಿರುಗಿ ಕಾರಿನ ಕಡೆಗೆ ನಕ್ಕು ಕೈ ಬೀಸಿದ.

"ಯಾರು ಮೇಷ್ಟ್ರೇ? ಒಳ್ಳೆ ಹುಡುಗ. ಹಲ್ಲಿನ ಸಾಲು ನೋಡಿ ಹೇಗಿದೆ."

"ನೋಡಿದ್ರಾ, ನಗ್ತಾನೆ!" ಮೇಷ್ಟ್ರ ಕಾಲು ಬ್ರೇಕಿನ ಮೇಲೆ ಕುಣಿಯಿತು, ದಂತವೈದ್ಯರ ಹಣೆ ಸ್ಟಿಯರಿಂಗಿಗೆ ಹೊಡೆಯಿತು. "ಐದನೇ ಸಿನಿಮಾದಲ್ಲೂ ಹೀಗೇ ನಕ್ಕಿದ್ದ."

ಸೈಕಲ್ ಒಂದು ಓಣಿ ಹೊಕ್ಕು, ಹಸಿರು ಬಣ್ಣದ ಹಿತ್ತಿಲ ಗೇಟಿನೊಳಗೆ ಮಾಯವಾಯಿತು. 'ಹಿಂದಿನ ಗೇಟು!' ಎಂದು ಮೇಷ್ಟ್ರು ಸೀಟಿನಲ್ಲೇ ಎಗರಿದರು.

ಆ ಮನೆಯ ಮುಂಬಾಗಿಲು ಯಾವ ರಸ್ತೆಗಿದೆ ಎಂದು ಬೇರೆ ಯಾರೇ ಆಗಿದ್ದರೂ ಒಂದು ಸುತ್ತು ಹಾಕಿ ನೋಡುತ್ತಿದ್ದರು. ಮೇಷ್ಟ್ರು ನೋಡುವಂತಿರಲಿಲ್ಲ. ಅದು ದೊಡ್ಡ ರಸ್ತೆ. ಎಂಟು ತಿಂಗಳ ಹಿಂದೆ ಆ ರಸ್ತೆಯಲ್ಲಿ ಒಬ್ಬ ಹೆಂಗಸು ಇನ್ನೊಂದು ಡ್ರೈವಿಂಗ್ ಸ್ಕೂಲು ತೆರೆದಿದ್ದಳು. ಕಲಿಯುವವರು ಅವಳನ್ನು ಪ್ರೀತಿಯಿಂದ ಕ್ಲಚ್ ಮೇಡಂ ಎಂದು ಕರೆಯುತ್ತಿದ್ದರು. ಅವಳ ಬೋರ್ಡು ಕಣ್ಣಿಗೆ ಬೀಳುವ ರಸ್ತೆಗೆ ಈ ಜನ್ಮದಲ್ಲಿ ಕಾರು ತಿರುಗಿಸುವುದಿಲ್ಲವೆಂದು ಮೇಷ್ಟ್ರು ಶಪಥ ಮಾಡಿದ್ದರು. ಶಪಥ ಮಾಡಿದವರು ಮನೆಗಳನ್ನು ಬೆನ್ನಿನ ಕಡೆಯಿಂದಲೇ ನೋಡಬೇಕಾಗುತ್ತದೆ.

ಮಂಗಳವಾರ ಬೆಕ್ಕು ಕಾಣೆಯಾಯಿತು.

ಮೇಷ್ಟ್ರು ಮಂಚದಡಿ, ಅಟ್ಟ, ಕಾರಿನ ಡಿಕ್ಕಿ ಎಲ್ಲ ಹುಡುಕಿ, ತಟ್ಟೆಯಲ್ಲಿದ್ದ ಹಾಲನ್ನು ನೋಡಿ ಕಣ್ಣೊರೆಸಿಕೊಂಡರು. ಪರಚಿಸಿಕೊಂಡ ಏಳು ಗುರುತುಗಳನ್ನೂ ಸವರಿಕೊಂಡರು. "ಬಂದೇ ಬರುತ್ತೆ, ಹೋಗಿ ಕೆಲಸ ನೋಡಿ," ಎಂದರು ಹೆಂಡತಿ. ಭಾವಮೈದ ಫೋನಿನಲ್ಲಿ, "ನಾನು ಹೇಳಿರ್ಲಿಲ್ವಾ ಭಾವ?" ಎಂದು ಬಿಕ್ಕಿದ. ಆ ಬಿಕ್ಕಿನಲ್ಲಿ ಸ್ವಲ್ಪ ನೆಮ್ಮದಿಯೂ ಇತ್ತು.

ಬುಧವಾರ ಪಾಠ ರದ್ದು ಮಾಡಿ ಮೂರೂಮುಕ್ಕಾಲಿಗೇ ಮೇಷ್ಟ್ರು ಆ ಓಣಿಯಲ್ಲಿ ಕಾರು ನಿಲ್ಲಿಸಿದರು. ಮರೆಗೆ ಪೇಪರು ತಂದಿದ್ದರು. ಅದರಲ್ಲಿ ಕಣ್ಣಿಗೆ ತೂತು ಬೇಕಲ್ಲ, ಭಾವಮೈದ ತನ್ನ ಅಂಗಡಿಯ ಫೈಲ್ ಪಂಚಿನಿಂದ ಹೊಡೆದುಕೊಟ್ಟಿದ್ದ. ಫೈಲಿಗೆ ಹೊಡೆಯುವ ತೂತುಗಳ ನಡುವಿನ ಅಂತರ ಮನುಷ್ಯನ ಕಣ್ಣುಗಳ ನಡುವಿನ ಅಂತರಕ್ಕಿಂತ ಹೆಚ್ಚು. ಹಾಗಾಗಿ ಮೇಷ್ಟ್ರು ಒಂದು ಸಲಕ್ಕೆ ಒಂದೇ ಕಣ್ಣಿನಿಂದ ಕಾವಲು ಕಾಯಬೇಕಾಯಿತು.

ನಾಲ್ಕೂ ಇಪ್ಪತ್ತಕ್ಕೆ ಫೋನ್ ಬಂತು.

"ಡ್ರೈವಿಂಗ್ ಸ್ಕೂಲಾ?"

"ಹೌದಮ್ಮ, ಹೇಳಿ. ಕಾರೋ, ಸ್ಕೂಟರೋ?" ಅಭ್ಯಾಸಬಲ.

"ಎರಡೂ ಬೇಡಪ್ಪ, ನನಗೆ ಎಂಬತ್ತೊಂದು. ನಿಮ್ಮದೊಂದು ಕಾರು ನಮ್ಮ ಮನೆ ಎದುರಿಗೆ ನಿಂತುಬಿಟ್ಟಿದೆ. ನಂಬರ್ ಬಾಗಿಲ ಮೇಲೆ ಬರೆದಿತ್ತು ನೋಡು, ಅದಕ್ಕೇ ಮಾಡ್ದೆ. ಒಳಗೊಬ್ಬ ಕೂತಿದಾನೆ. ಕಳ್ಳನ ಕಳೆ."

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡರಂತೆ. ಮೇಷ್ಟ್ರು ಕನ್ನಡಿ ತಿರುಗಿಸಿ ಮುಖ ನೋಡಿಕೊಂಡರು. ಎದುರು ಮನೆಯ ಕಿಟಕಿಯಲ್ಲಿ ಒಂದು ಅಜ್ಜಿ, ಕಿವಿಯಲ್ಲಿ ಫೋನು.

"ಹೇಗಿದಾನಮ್ಮ ಅವನು?"

"ಮುಖ ಕಾಣಲ್ಲ. ಪೇಪರ್ ಹಿಡಿದಿದಾನೆ, ಅದೂ ತಲೆಕೆಳಗೆ."

ಮೇಷ್ಟ್ರು ಸದ್ದಿಲ್ಲದೆ ಪೇಪರ್ ತಿರುಗಿಸಿದರು.

"ಅಯ್ಯೋ, ಈಗ ನೆಟ್ಟಗೆ ಮಾಡಿದ! ಫೋನಲ್ಲಿ ಬೇರೆ ಮಾತಾಡ್ತಿದಾನಪ್ಪ. ಒಬ್ಬನೇ ಅಲ್ಲ, ಜೊತೆಗಾರರು ಇದಾರೆ!"

"ಗಾಬರಿ ಆಗಬೇಡಿ ಅಮ್ಮ. ನಾನೇ ಬಂದು ವಿಚಾರಿಸ್ತೀನಿ."

"ಬೇಗ ಬಾರಪ್ಪ, ನಿನಗೆ ಪುಣ್ಯ ಬರುತ್ತೆ."

ಕೊಟ್ಟ ಮಾತಿಗೆ ತಪ್ಪುವವರಲ್ಲ ಮೇಷ್ಟ್ರು. ಕಾರು ಹೊರಡಿಸಿ, ಓಣಿ ದಾಟಿ, ಒಂದು ಸುತ್ತು ಬಂದು, ಅದೇ ಜಾಗದಲ್ಲಿ ನಿಲ್ಲಿಸಿ, ಗತ್ತಿನಿಂದ ಇಳಿದರು. ಅಜ್ಜಿ ಕಿಟಕಿಯಿಂದ ಕೂಗಿತು: "ನೀನು ಬರೋದು ಗೊತ್ತಾಗಿ ಓಡಿಹೋದ ಕಣಪ್ಪ! ಇಂಥವರನ್ನ ಕೆಲಸಕ್ಕೆ ಇಟ್ಕೋಬೇಡ!"

"ಇವತ್ತೇ ತೆಗೀತೀನಮ್ಮ," ಎಂದು ಮೇಷ್ಟ್ರು ಕೈ ಎತ್ತುವುದಕ್ಕೂ, ಓಣಿಯ ಆ ತುದಿಯಿಂದ ಮಗಳು ಬಂದು ಹಸಿರು ಗೇಟಿನೊಳಗೆ ಹೋಗುವುದಕ್ಕೂ ಸರಿಹೋಯಿತು. ಅವಳು ಹಿಂದೆ ಮುಂದೆ ನೋಡಲಿಲ್ಲ. ತನ್ನ ಮನೆಗೇ ಬಂದವಳಂತೆ ನುಗ್ಗಿದಳು.

ಸಿನಿಮಾದ ಅಪ್ಪಂದಿರು ಇಂಥ ಹೊತ್ತಿನಲ್ಲಿ ಗೇಟು ಹಾರುತ್ತಾರೆ. ಮೇಷ್ಟ್ರು ಹಾರಲು ಹೋಗಿ ಪ್ಯಾಂಟು ಸಿಕ್ಕಿಸಿಕೊಂಡರು. ಗೇಟು ಮೆಲ್ಲಗೆ ತೆರೆದುಕೊಂಡು ಅವರನ್ನು ಹೊತ್ತುಕೊಂಡೇ ಒಳಗೆ ಹೋಯಿತು. ಅದಕ್ಕೆ ಚಿಲಕವೇ ಹಾಕಿರಲಿಲ್ಲ. ಇಳಿದು ಹಿತ್ತಿಲು ದಾಟಿದರು, ಅಡುಗೆಮನೆ ದಾಟಿದರು, ಕತ್ತಲೆ ನಡುಮನೆ ದಾಟಿ ಎದುರಿಗಿದ್ದ ಬಾಗಿಲನ್ನು ಭುಜದಿಂದ ದೂಡಿದರು.

ಗೋಡೆ ತುಂಬ ಫೋಟೋ.

ಸಾಲು ಸಾಲಾಗಿ, ಕೆಳಗೆ ತಾರೀಕು ಗಂಟೆ ಬರೆದು, ಕೆಂಪು ದಾರದಿಂದ ಒಂದಕ್ಕೊಂದು ಜೋಡಿಸಿ ಅಂಟಿಸಿದ ಫೋಟೋಗಳು. ಮೇಷ್ಟ್ರಿಗೆ ತಾವು ಹೇಳಿದ್ದು ಅಕ್ಷರಶಃ ನಿಜವಾಯಿತಲ್ಲ ಎಂಬ ಹೆಮ್ಮೆ ಒಂದು ಗಳಿಗೆ ಬಂತು. ಹತ್ತಿರ ಹೋಗಿ ನೋಡಿದರು.

ಒಂದರಲ್ಲೂ ಮಗಳಿರಲಿಲ್ಲ. ಎಲ್ಲದರಲ್ಲೂ ಇದ್ದದ್ದು ಮೂರುಮೂಲೆಯ ಹಳದಿ ಬೋರ್ಡಿನ ಒಂದು ಕಾರು. ಮುಂದಿನಿಂದ, ಹಿಂದಿನಿಂದ, ಮಹಡಿಯ ಮೇಲಿನಿಂದ. ಒಂದರಲ್ಲಿ ದಂತವೈದ್ಯರು ಹಣೆ ಉಜ್ಜಿಕೊಳ್ಳುತ್ತಿದ್ದರು. ಅರ್ಧ ಗಂಟೆಯ ಹಿಂದಿನದೊಂದು ಇನ್ನೂ ಬೆಚ್ಚಗಿತ್ತು: ತಲೆಕೆಳಗಾದ ಪೇಪರು, ಒಂದು ತೂತಿನಲ್ಲಿ ಒಂದು ಕಣ್ಣು.

"ಬಂದ್ರಾ?" ಎಂದಿತು ಒಂದು ಹೆಂಗಸಿನ ದನಿ. "ನಾನೂ ಸಿನಿಮಾ ನೋಡ್ತೀನಿ ಸ್ವಾಮಿ. ಹಿಂಬಾಲಿಸೋನು ಕಡೆಗೆ ಮನೆ ಒಳಗೇ ಬರ್ತಾನೆ. ಅದಕ್ಕೇ ಸಾಹೇಬರನ್ನ ಕರೆಸಿ ಕೂರಿಸಿದೀನಿ."

ಅದು ಆಫೀಸು ಕೋಣೆ. ಮೇಜಿನ ಹಿಂದೆ ಕ್ಲಚ್ ಮೇಡಂ. ಅವಳ ಹಿಂದೆ ಗಾಜಿನ ಬಾಗಿಲು, ದೊಡ್ಡ ರಸ್ತೆ, ಮೇಷ್ಟ್ರು ಎಂಟು ತಿಂಗಳಿಂದ ನೋಡದಿದ್ದ ಬೋರ್ಡಿನ ಬೆನ್ನು. ಪಕ್ಕದ ಕುರ್ಚಿಯಲ್ಲಿ ಪೊಲೀಸ್ ಇನ್ಸ್‌ಪೆಕ್ಟರು, ಕೈಯಲ್ಲಿ ಚಹಾ. ಮೂಲೆಯ ಸ್ಟೂಲಿನಲ್ಲಿ ಆ ಹುಡುಗ. ಅವನ ತೊಡೆಯ ಮೇಲೆ ಬೆಕ್ಕು.

"ಇದು ನನ್ನ ಬೆಕ್ಕು!" ಎಂದರು ಮೇಷ್ಟ್ರು. ಮೊದಲು ಹೊಳೆದದ್ದು ಅದೇ.

"ನಿನ್ನೆ ತಾನಾಗೇ ಬಂತು ಅಂಕಲ್. ಎರಡು ಸಲ ಬಿಟ್ಟುಬಂದೆ. ನನಗಿಂತ ಮೊದಲು ವಾಪಸ್ ಬಂದಿತ್ತು."

"ಬೆಕ್ಕಿನ ಮಾತು ಆಮೇಲೆ," ಎಂದಳು ಮೇಡಂ. "ನನ್ನ ಶಿಷ್ಯರು ಹೆಚ್ಚಾದ್ರು ಅಂತ ಹೊಟ್ಟೆಕಿಚ್ಚಿದ್ರೆ ನನ್ನ ಹತ್ರ ತೀರಿಸ್ಕೊಳಿ. ನನ್ನ ಮಗನ ಹಿಂದೆ ಯಾಕೆ ಬಿದ್ರಿ? ಮನೇಲಿ ಇರೋದು ಅವನೊಬ್ಬ."

"ನಿಮ್ಮ ಮಗ?" ಮೇಷ್ಟ್ರು ಕುಸಿದು ಕೂತರು. "ನಿಮ್ಮ ಮಗ ನನ್ನ ಮಗಳ ಹಿಂದೆ..."

ಗಾಜಿನ ಬಾಗಿಲು ತೆರೆದು ಮಗಳು ಒಳಗೆ ಬಂದಳು. ಕೈಯಲ್ಲಿ ಕಾರಿನ ಕೀ. "ಮೇಡಂ, ಟೈರು, ಕನ್ನಡಿ ಎಲ್ಲ ನೋಡ್ಕೊಂಡೆ, ಹೊರಡೋಣ್ವಾ..." ಎಂದವಳು ನಿಂತುಬಿಟ್ಟಳು. "ಅಪ್ಪ?"

ಇನ್ಸ್‌ಪೆಕ್ಟರು ಚಹಾ ಸೊರ್ರೆಂದು ಹೀರಿದರು. ಮೇಷ್ಟ್ರಿಗೆ ಕೀ ಕಂಡಿತು, ಗೋಡೆಯ ಮೇಲಿನ ರಸ್ತೆ ಚಿಹ್ನೆಗಳ ಚಾರ್ಟು ಕಂಡಿತು, ಚೀಟಿಯಲ್ಲಿದ್ದದ್ದು ಹೆಂಗಸಿನ ಅಕ್ಷರ ಎಂಬುದೂ ಈಗ ಕಂಡಿತು. ಕಂಕುಳಲ್ಲಿದ್ದ ಕೂಸನ್ನು ಊರೆಲ್ಲ ಹುಡುಕಿದವರ ಮುಖವೂ ಇಷ್ಟು ಪೆಚ್ಚಾಗಿರಲಾರದು.

"ಇಲ್ಲಿ... ಕಲೀತಾ ಇದೀಯಾ?"

"ಮೂರು ವಾರದಿಂದ."

"ನಾನು ಇರುವಾಗ? ನಂಬರ್ ಖಾಲಿ ಬಿಟ್ಟು ಕಾಯ್ತಾ ಇರುವಾಗ?"

ಮಗಳು ಕೀಯನ್ನು ಬೆರಳಲ್ಲಿ ತಿರುಗಿಸಿದಳು. "ನಾನು ಒತ್ತೋಕೆ ಮುಂಚೆ ನೀನೇ ಒತ್ತುತೀಯ ಅಪ್ಪ. ಸೈಕಲ್ ಕಲಿಯುವಾಗ ಕ್ಯಾರಿಯರ್ ಬಿಡಲೇ ಇಲ್ಲ. ಎರಡು ವರ್ಷ ನನ್ನ ಹಿಂದೆಯೇ ಓಡಿಕೊಂಡು ಬಂದೆ ನೀನು. ನಿನ್ನ ಹತ್ರ ಕಲಿತವರಿಗೆ ಬ್ರೇಕು ಎಲ್ಲಿದೆ ಅಂತಲೇ ಗೊತ್ತಿರಲ್ಲ. ಅವರ ಕಾಲು ಅಲ್ಲಿಗೆ ಹೋಗೋ ಪ್ರಸಂಗವೇ ಬರಲ್ಲ."

"ಸುಳ್ಳು!"

"ನಿಜ ಮೇಷ್ಟ್ರೇ," ಎಂದರು ಇನ್ಸ್‌ಪೆಕ್ಟರು, ಲೋಟ ಕೆಳಗಿಟ್ಟು. "ನಾನು ನಿಮ್ಮ ಎರಡು ಸಾವಿರದ ಎಂಟುನೂರ ಹನ್ನೆರಡನೇ ಶಿಷ್ಯ. ಪರೀಕ್ಷೆ ದಿನ ಗೋಡೆ ಹತ್ರ ಬಂತು, ಕಾರು ತಾನಾಗೇ ನಿಲ್ಲುತ್ತೆ ಅಂತ ಕಾಯ್ತಾ ಕೂತಿದ್ದೆ. ಗೋಡೆ ಬಿತ್ತು. ಆಮೇಲೆ ಇಲ್ಲಿ ಸೇರಿ ಪಾಸಾದೆ."

"ನಿಮ್ಮಮ್ಮನಿಗೆ ಗೊತ್ತಾ?" ಎಂದರು ಮೇಷ್ಟ್ರು ಕ್ಷೀಣವಾಗಿ.

"ಅಮ್ಮನೇ ಸೇರಿಸಿದ್ದು."

ಮೇಷ್ಟ್ರ ಹೆಂಡತಿ ಮದುವೆಯಾದ ಹೊಸದರಲ್ಲಿ ಅವರ ಬಳಿ ಒಂದು ಪಾಠ ಕಲಿತಿದ್ದರು. ಮೂರನೆಯ ಸರ್ಕಲಿನಲ್ಲಿ ಇಳಿದು ಮನೆಗೆ ನಡೆದು ಬಂದಿದ್ದರು.

"ಈ ಫೋಟೋ?" ಮೇಷ್ಟ್ರು ಕಡೆಯ ಹುಲ್ಲುಕಡ್ಡಿ ಹಿಡಿದರು. "ಇಷ್ಟು ಬೇಗ ಯಾರು ಪ್ರಿಂಟ್ ಹಾಕಿಕೊಟ್ರು?"

"ಜೆರಾಕ್ಸ್ ಅಂಗಡಿಯವರು," ಎಂದಳು ಮೇಡಂ. "ದಾರ ಕಟ್ಟೋ ಉಪಾಯವೂ ಅವರದೇ."

ಮೇಷ್ಟ್ರು ಅಲ್ಲಿಂದಲೇ ಫೋನ್ ಮಾಡಿದರು. "ಕಾರು ನಿಮ್ಮದೇ ಅಂತ ಗೊತ್ತಾಯ್ತು ಭಾವ," ಎಂದ ಭಾವಮೈದ. "ನಿಮ್ಮ ಜಾಹೀರಾತು ಅಂದ್ಕೊಂಡೆ. ಬೆಕ್ಕು ಸಿಕ್ತಾ?"

ಇನ್ಸ್‌ಪೆಕ್ಟರು ಕಾನೂನಿನ ಪ್ರಕಾರ ಮುಖ ಗಂಟಿಕ್ಕಿದರು. "ನೋಡಿ ಮೇಷ್ಟ್ರೇ, ಹಿಂಬಾಲಿಸಿದ್ದು ಒಂದು, ಅತಿಕ್ರಮ ಪ್ರವೇಶ ಒಂದು. ಬರೆದರೆ ನಿಮ್ಮ ಲೈಸೆನ್ಸೇ ಹೋಗುತ್ತೆ. ಏನಪ್ಪ, ನೀನು ಹೇಳು. ದೂರು ಬರ್ಕೊಳ್ಳಲಾ?"

ಹುಡುಗ ಎದ್ದು ನಿಂತ. ಬೆಕ್ಕು ಅವನ ಹೆಗಲಿಗೆ ಬಡ್ತಿ ಪಡೆಯಿತು.

"ಬೇಡ ಸರ್. ಅಂಕಲ್ ನನ್ನ ರೋಡ್ ಸೆನ್ಸ್ ಪರೀಕ್ಷೆ ಮಾಡ್ತಿದಾರೆ ಅಂದ್ಕೊಂಡಿದ್ದೆ." ಮೂರನೆಯ ಸಲ ಗಂಟಲು ಸರಿಮಾಡಿಕೊಂಡ. "ಭಾನುವಾರ ಕೇಳೋಕೇ ಬಂದಿದ್ದೆ ಅಂಕಲ್, ಧೈರ್ಯ ಆಗ್ಲಿಲ್ಲ. ನನ್ನನ್ನ ಸೇರಿಸ್ಕೊತೀರಾ?"

"ಎಲ್ಲಿಗೆ ಸೇರಿಸ್ಕೊಳ್ಳೋದು?" ಎಂದಳು ಮೇಡಂ. ದನಿ ಬದಲಾಗಿತ್ತು.

"ಡ್ರೈವಿಂಗ್ ಸ್ಕೂಲಿಗೆ. ನಿನ್ನ ಹತ್ರ ಆಗಲ್ಲ ಅಮ್ಮ. ಬೇರೆಯವರಿಗೆಲ್ಲ 'ನಿಧಾನ, ನೀವೇ ಕಲೀತೀರ' ಅಂತೀಯ. ನಾನು ಕೂತ್ರೆ ಕೀ ಹಾಕೋಕೆ ಮುಂಚೆ ಕಿರುಚ್ತೀಯ."

ಈಗ ಕುರ್ಚಿಗೆ ಕುಸಿಯುವ ಸರದಿ ಕ್ಲಚ್ ಮೇಡಂದು. ಮೇಷ್ಟ್ರು ಅವಳನ್ನು ನೋಡಿದರು. ಅವಳು ಮೇಷ್ಟ್ರನ್ನು ನೋಡಿದಳು. ಎಂಟು ತಿಂಗಳಲ್ಲಿ ಮೊದಲ ಬಾರಿಗೆ ಎರಡು ಸಂಸ್ಥೆಗಳ ನಡುವೆ ಒಂದು ಒಮ್ಮತ ಮೂಡಿತು. ಮಕ್ಕಳನ್ನು ಹೆರಬಾರದು.

"ರಾಜಿ ನಾನು ಮಾಡಿಸ್ತೀನಿ," ಎಂದರು ಇನ್ಸ್‌ಪೆಕ್ಟರು, ಖುಷಿಯಾಗಿ. "ಮಗಳು ಈಗ ಅಪ್ಪನನ್ನ ಮನೆಗೆ ಬಿಡಲಿ. ಅಪ್ಪನ ಕಾರಿನಲ್ಲೇ. ಮೇಡಂ ಹಿಂದಿನ ಸೀಟಲ್ಲಿ. ಒಂದೇ ಷರತ್ತು. ಮೇಷ್ಟ್ರು ಎರಡೂ ಕಾಲು ಸೀಟಿನ ಮೇಲೆ ಮಡಚಿ ಕೂರಬೇಕು."

ಹಾಗೆ ಬ್ರೇಕ್ ಮೇಷ್ಟ್ರು ತಮ್ಮ ಕಾರಿನ ಪಕ್ಕದ ಸೀಟಿನಲ್ಲಿ ಚಕ್ಕಳಮಕ್ಕಳ ಹಾಕಿ, ಸೀಟ್ ಬೆಲ್ಟ್ ಬಿಗಿದು, ಒಲ್ಲದ ಬೆಕ್ಕನ್ನು ತೊಡೆಯಲ್ಲಿ ಅದುಮಿ ಹಿಡಿದು ಕೂತರು. ಓಣಿಯ ಅಜ್ಜಿ ಕಿಟಕಿಯಿಂದ, "ಸಿಕ್ಕಿಬಿದ್ನಾ? ಕಟ್ಟಿಹಾಕಿದೀರಾ? ಒಳ್ಳೇದಾಯ್ತು!" ಎಂದಿತು. ಕಾರು ಹೊರಟಿತು. ಮೊದಲ ತಿರುವಿನಲ್ಲಿ ಬಲಗಾಲು ಎಡತೊಡೆಯ ಕೆಳಗೇ ಒದ್ದಾಡಿತು. ಎರಡನೆಯದರಲ್ಲಿ ಬೆಕ್ಕು ಎಂಟನೆಯ ಸಲ ಪರಚಿತು. ಮೂರನೆಯ ಸರ್ಕಲಿನಲ್ಲಿ ಒಬ್ಬ ಮನುಷ್ಯ ರಸ್ತೆ ನಿಯಮಗಳ ಪುಸ್ತಕ ಓದುತ್ತ, ಯಾವ ಕಡೆ ನೋಡಬೇಕೆಂದು ಹುಡುಕುತ್ತ, ಎರಡೂ ಕಡೆ ನೋಡದೆ ರಸ್ತೆಗಿಳಿದ. ದಂತವೈದ್ಯರು.

ಮೇಷ್ಟ್ರು ಕಣ್ಣು ಮುಚ್ಚಿದರು. ಒತ್ತಲು ಏನೂ ಇರಲಿಲ್ಲ, ಬೆಕ್ಕನ್ನು ಒತ್ತಿದರು.

ಕಾರು ನಿಂತಿತ್ತು. ಕಣ್ಣು ಬಿಟ್ಟಾಗ ದಂತವೈದ್ಯರು ಬಾನೆಟ್ಟಿನಾಚೆ ಎರಡು ಗೇಣು ದೂರದಲ್ಲಿ ಬಾಯಿ ತೆರೆದು ನಿಂತಿದ್ದರು, ಅವರೇ ರೋಗಿಗಳಿಗೆ ಹೇಳುವಷ್ಟು ಅಗಲವಾಗಿ. ಮಗಳು ಕನ್ನಡಿ ನೋಡಿದಳು, ಗೇರ್ ಬದಲಿಸಿದಳು.

"ನೀನು ಒತ್ತಿದ್ದಾ?" ಎಂದರು ಮೇಷ್ಟ್ರು.

"ಇನ್ಯಾರು ಅಪ್ಪ?"

ಮೇಷ್ಟ್ರು ಮನೆ ಬರುವವರೆಗೂ ಕಾಲನ್ನು ಇಳಿಸಲಿಲ್ಲ. ಅದು ಜೋಮು ಹಿಡಿದಿತ್ತು. ಇಳಿಸಲು ಹೆಂಡತಿಯೂ ಮೇಡಮ್ಮೂ ಸೇರಿ ಎಳೆಯಬೇಕಾಯಿತು.

ಮರುದಿನ ರಿಜಿಸ್ಟರಿನ ಮೂರು ಸಾವಿರನೆಯ ಸಾಲಿನಲ್ಲಿ ಕ್ಲಚ್ ಮೇಡಂ ಮಗನ ಹೆಸರು ಬಿತ್ತು. ಪಾಠದ ಹೊತ್ತಿನಲ್ಲಿ ಮೇಷ್ಟ್ರು ಈಗ ಸೀಟಿನ ಮೇಲೆ ಕಾಲು ಮಡಚಿ ಕೂರುತ್ತಾರೆ. ಮುಂದಿನ ತಿಂಗಳ ಪರೀಕ್ಷೆಯಲ್ಲಿ ಮಗಳು ಪಾಸಾದಳು. ಹುಡುಗನೂ ಪಾಸಾದ. ಬೆಕ್ಕು ಅವನ ಮನೆಯಲ್ಲೇ ಇದೆ. ದಂತವೈದ್ಯರು ಫೇಲಾದರು.